ಚಿಗವ್ವನ ಜಡೆ ಶಾವಿಗೆ

ಹೋದ ತಿಂಗಳು ಆಂಧ್ರದ ಗಡಿಯ ಪೆದ್ದಹರಿವಾಣಕ್ಕೆ ಹೋಗಿದ್ದೆ. ನಮ್ಮ ಅಕ್ಕ ತೀರಿಕೊಂಡು ವರ್ಷ ತುಂಬಿತ್ತು, ಪುಣ್ಯತಿಥಿಯ ಊಟ. ಕಟ್ಟೆಯ ಮೇಲೆ ಕಾಲು ಚಾಚಿ ಕೂತಿದ್ದೆನಲ್ಲ, ಒಳಗಿನಿಂದ ತುಪ್ಪದಲ್ಲಿ ಶಾವಿಗೆ ಹುರಿಯುವ ವಾಸನೆ ಬಂತು. ಬಂದದ್ದೇ ತಡ, ಎದ್ದು ಹೋಗಿ ನೋಡಿದರೆ ಅಕ್ಕನ ಸೊಸೆ ಪೊಟ್ಟಣ ಹರಿದು ಬಾಣಲೆಗೆ ಸುರಿಯುತ್ತಿದ್ದಾಳೆ. ಒಂದೊಂದು ಎಳೆಯೂ ಪೊರಕೆ ಕಡ್ಡಿಯಷ್ಟು ದಪ್ಪ, ಬೆರಳುದ್ದ ಕತ್ತರಿಸಿದ್ದು. ಇದಕ್ಕೂ ಶಾವಿಗೆ ಅಂತಾರಂತೆ! ವಾಸನೆ ಮಾತ್ರ ಅದೇ... ಆದವಾನಿಯ ನಮ್ಮ ಓಣಿಯ ವಾಸನೆ, ಚಿಗವ್ವನ ಮನೆಯ ವಾಸನೆ.

ಚಿಗವ್ವ ಅಂದರೆ ನನ್ನ ಸ್ವಂತ ಚಿಕ್ಕಮ್ಮ ಅಲ್ಲ. ಗೋಡೆಗೆ ಗೋಡೆ ಹತ್ತಿದ ಮನೆಯಾಕೆ, ನಮ್ಮ ಪೈಕಿಯವಳೇ. ನಮ್ಮಪ್ಪ ಹತ್ತಿ ದಲಾಲಿ, ಎರಡು ಹೊತ್ತಿನ ಊಟಕ್ಕೆ ತೊಂದರೆ ಇರಲಿಲ್ಲ. ಆಕೆಯ ಗಂಡ ಹತ್ತಿ ಪ್ರೆಸ್ಸಿನಲ್ಲಿ ಹಮಾಲಿ ಮಾಡುತ್ತಿದ್ದವನು. ಒಂದು ದಿನ ಒತ್ತಿ ಕಟ್ಟಿದ ಹತ್ತಿಯ ಬೇಲು ಜಾರಿ ಮೈಮೇಲೆ ಬಿದ್ದು ಸೊಂಟ ಹೋಯಿತು. ಆಮೇಲೆ ಆತ ಹೊರಸಿನ ಮೇಲೆ ಮಲಗಿದಲ್ಲೇ, ಸಂಸಾರವೆಲ್ಲ ಚಿಗವ್ವನ ಅಂಗೈ ಮೇಲೆ. ಅಂಗೈ ಮೇಲೆ ಅಂತ ಮಾತಿಗೆ ಹೇಳುತ್ತಿಲ್ಲ. ಆಕೆ ಮಂದಿ ಮನೆಗೆ ಶಾವಿಗೆ ಹೊಸೆದು ಬದುಕಿದವಳು.

ಆಗ ಮದುವೆಯಾಗಿ ಹೋಗುವ ಹುಡುಗಿಯ ಜೊತೆ ಶಾವಿಗೆ ಬುಟ್ಟಿ ಹೋಗಲೇಬೇಕಿತ್ತು. ಗಂಡಿನ ಮನೆಯ ಹೆಂಗಸರೆಲ್ಲ ಸುತ್ತ ಕೂತು ಬುಟ್ಟಿ ಬಿಚ್ಚಿ, ಎಳೆ ಎತ್ತಿ ಬೆಳಕಿಗೆ ಹಿಡಿದು ನೋಡಿ, "ಹುಡುಗಿ ಕೈ ಚಲೋ ಐತಿ" ಅಂದರೆ ತವರಿನ ಮಾನ ಉಳಿಯಿತು. ಶಾವಿಗೆ ಹುಡುಗಿಯೇ ಹೊಸೆದದ್ದು ಅಂತ ಲೆಕ್ಕ. ಲೆಕ್ಕ ಅಷ್ಟೇ! ನಮ್ಮ ಓಣಿಯ ಮದುಮಗಳಂದಿರ ಬುಟ್ಟಿಗಳೆಲ್ಲ ಚಿಗವ್ವನ ಕೈಯಿಂದ ಹೊರಟವು. ಓಣಿಗೆಲ್ಲ ಗೊತ್ತು, ಓಣಿ ದಾಟಿ ಯಾರೂ ಬಾಯಿ ಬಿಡುವಂತಿಲ್ಲ. ಚಿಗವ್ವನೂ ಬಿಡುತ್ತಿರಲಿಲ್ಲ. ಯಾರಾದರೂ ಚುಡಾಯಿಸಿದರೆ ನಕ್ಕುಬಿಡುತ್ತಿದ್ದಳು. "ಕೂಲಿ ತಗೊಂಡ ಮ್ಯಾಲ ಅದು ನಂದಲ್ಲ ಬಿಡ್ರಿ, ನಿಮ್ಮ ಮಗಳದು" ಅನ್ನುತ್ತಿದ್ದಳು.

ಆ ಕೆಲಸವೋ, ಶಿವ ಶಿವಾ! ಗೋಧಿ ನೆನೆಸಿ, ನೆರಳಲ್ಲಿ ಆರಿಸಿ, ನಸುಕಿನಲ್ಲೆದ್ದು ಬೀಸಿ, ಹಳೆಯ ಪಂಚೆಯ ತುಂಡಿನಲ್ಲಿ ಹಿಟ್ಟು ಸೋಸಬೇಕು. ನಾದಿದ ಕಣಕವನ್ನು ಒರಳಿಗೆ ಹಾಕಿ ಒನಕೆಯಿಂದ ಕುಟ್ಟಬೇಕು, ಬೆರಳು ಒತ್ತಿದರೆ ಗುಳಿ ತಾನೇ ತುಂಬಿ ಮೇಲೆ ಬರುವವರೆಗೆ. ಆಮೇಲೆ ಶಾವಿಗೆ ಮಣೆಯನ್ನು ಗೋಡೆಗೆ ಒರಗಿಸಿ, ಉಂಡೆಯನ್ನು ಅಂಗೈಯಲ್ಲಿ ಒತ್ತಿ ಒತ್ತಿ ಹೊಸೆಯುತ್ತಿದ್ದರೆ ಕೆಳಗಿನ ತುದಿಯಿಂದ ಎಳೆ ಇಳಿಯುತ್ತಿತ್ತು, ಕೂದಲಿನಷ್ಟು ಸಣ್ಣಗೆ. ಎದುರಿಗೆ ಆಕೆಯ ಮಗಳು ಕೂತು ಅದನ್ನು ಹಿಡಿದು ಎಳೆದು ಕೋಲಿಗೆ ಹಾಕುತ್ತಿದ್ದಳು. ಗಾಳಿ ಬೀಸಿದರೆ ಎಳೆ ಹರಿಯುತ್ತದೆ. ಅದಕ್ಕೆ ಯುಗಾದಿ ಕಳೆದ ಮೇಲಿನ ಆದವಾನಿಯ ಬಿಸಿಲಿನಲ್ಲಿ, ನಾಯಿ ಕೂಡ ನೆರಳು ಬಿಟ್ಟು ಕದಲದ ಹೊತ್ತಿನಲ್ಲಿ, ಅವರಿಬ್ಬರೂ ಕದ ಕಿಟಕಿ ಮುಚ್ಚಿಕೊಂಡು ಕೂಡುತ್ತಿದ್ದರು. ಬೆವರು ಕಣಕದ ಮೇಲೆ ಬೀಳಬಾರದು ಅಂತ ಹಣೆಗೆ ಅರಿವೆ ಕಟ್ಟಿಕೊಂಡು. ಹಮಾಲರು ಬೇಲು ಹೊತ್ತರೆ ಅದು ಕಷ್ಟದ ಕೆಲಸ ಅಂತ ಎಲ್ಲರೂ ಅನ್ನುತ್ತಿದ್ದರು. ಚಿಗವ್ವ ಕೂತು ಮಾಡುತ್ತಾಳಲ್ಲ, ಅದಕ್ಕೆ ಕಷ್ಟ ಅನ್ನಲು ಯಾರಿಗೂ ನಾಲಗೆ ಹೊರಳುತ್ತಿರಲಿಲ್ಲ.

ಆರುತ್ತಿದ್ದ ಎಳೆಗಳನ್ನು ಬೇರೆಯವರು ಸುಮ್ಮನೆ ಮಡಚಿಡುತ್ತಿದ್ದರು. ಚಿಗವ್ವ ಹಾಗಲ್ಲ. ಇನ್ನೂ ಅರೆ ಹಸಿ ಇರುವಾಗಲೇ ಮೂರು ಕಾಲಾಗಿ ಹಿಡಿದು ಜಡೆ ಹೆಣೆದು ಬಿಡುತ್ತಿದ್ದಳು. ಒಣಗಿದ ಮೇಲೆ ಬುಟ್ಟಿಯಲ್ಲಿ ಸಾಲಾಗಿ ಇಟ್ಟರೆ, ಬೆಳ್ಳಗಿನ ಪುಟ್ಟ ಪುಟ್ಟ ಜಡೆಗಳು. ಯಾಕೆ ಹೀಗೆ ಅಂತ ಒಮ್ಮೆ ಕೇಳಿದ್ದೆ. "ನೋಡಾಕ ಚಂದಲ್ಲೇನ?" ಅಂದಳು. ಅದಕ್ಕೆ ಬೇರೆ ಕೂಲಿ ಇರಲಿಲ್ಲ, ಯಾರೂ ಹೇಳಿಯೂ ಇರಲಿಲ್ಲ.

ಸುಗ್ಗಿ ಮುಗಿದು ಮದುವೆ ಕಾಲ ಬಂತೆಂದರೆ ಆಕೆಯ ಅಂಗೈ ಸೀಳಿ ಹೋಗುತ್ತಿತ್ತು. ಖಾರದ ಊಟಕ್ಕೆ ಕೈ ಹಾಕಿದರೆ ಉರಿ ತಲೆಗೇರುತ್ತಿತ್ತು. ಅದಕ್ಕೇ ಸಂಜೆ ಮಗಳು ರೊಟ್ಟಿ ಮುರಿದು, ಶೇಂಗಾ ಚಟ್ನಿ ಹಚ್ಚಿ, ಅವ್ವನ ಬಾಯಿಗಿಡುತ್ತಿದ್ದಳು. ಚಿಗವ್ವ ಎರಡೂ ಅಂಗೈ ಮೇಲೆ ಮಾಡಿ ತೊಡೆ ಮೇಲಿಟ್ಟುಕೊಂಡು, ಹಕ್ಕಿ ಮರಿಯ ಹಾಗೆ ಬಾಯಿ ತೆರೆಯುತ್ತಿದ್ದಳು. "ಇಷ್ಟ್ ದೊಡ್ಡ ಕೂಸು ಯಾರಿಗೈತಿ ನೋಡು" ಅಂತ ಆ ಹುಡುಗಿ ನನ್ನ ಕಡೆ ತಿರುಗಿ ನಗುತ್ತಿತ್ತು. ಆಕೆ ನನಗಿಂತ ಸ್ವಲ್ಪ ದೊಡ್ಡವಳು, ನನ್ನ ಗೆಳತಿ. ಆ ಮನೆಯಲ್ಲಿ ನಾನು ನೋಡಿದ ಸಿರಿ ಅದೊಂದೇ.

ಯುದ್ಧ ನಡೆಯುತ್ತಿದ್ದ ಕಾಲ. ನಮ್ಮ ಅಕ್ಕನ ಮದುವೆ ಪೆದ್ದಹರಿವಾಣದ ಒಕ್ಕಲು ಮನೆತನಕ್ಕೆ ಗೊತ್ತಾಯಿತು. ಅಕ್ಕ ತೀರಿಕೊಂಡಿದ್ದಾಳೆ, ಆದರೂ ಇದ್ದದ್ದು ಹೇಳಬೇಕು: ಆಕೆ ಶಾವಿಗೆ ಮಣೆಗೆ ಒಂದು ದಿನ ಕೈ ಹಚ್ಚಿದವಳಲ್ಲ. ಆಕೆಯ ಬುಟ್ಟಿಯನ್ನೂ ಚಿಗವ್ವನೇ ತುಂಬಿದಳು. ಅಕ್ಕನ ಅತ್ತೆ ಆ ಜಡೆಗಳನ್ನು ನೋಡಿ ಮರುಳಾಗಿ ಊರ ತುಂಬ ತೋರಿಸಿಕೊಂಡು ಬಂದರಂತೆ. ಒಂದನ್ನು ಅಡುಗೆಗೆ ಮುರಿಯದೆ ದೇವರ ಜಗಲಿಯ ಮೇಲೆ ಇಟ್ಟಿದ್ದರಂತೆ. ಬಂತಲ್ಲ ಪೇಚು! ಮುಂದಿನ ಬೇಸಿಗೆಗೆ ಅತ್ತೆ "ಸೊಸಿ, ಶಾವಿಗಿ ಮಣಿ ಇಳಸ್ಲಿ?" ಅಂತ ಕೇಳಿದಾಗ ಅಕ್ಕ ಮಣಿಕಟ್ಟು ನೋವು ಅಂತ ಅರಿಶಿನ ಹಚ್ಚಿ ಪಟ್ಟಿ ಕಟ್ಟಿಕೊಂಡಳು. ಆ ಪಟ್ಟಿ ಆಮೇಲೆ ಪ್ರತಿ ಬೇಸಿಗೆಗೂ ಬಂತು.

ಅಷ್ಟರಲ್ಲಿ ಆಕೆಯ ಮೈದುನನಿಗೆ ಹೆಣ್ಣು ಹುಡುಕಲು ಸುರು ಮಾಡಿದರು. ಅತ್ತೆಯ ಮಾತು ಒಂದೇ: "ಬಂಗಾರ ಬ್ಯಾಡ, ಕೈ ಇದ್ದ ಹುಡುಗಿ ಬೇಕು. ನಮ್ಮ ದೊಡ್ಡ ಸೊಸಿ ಹಂಗ." ಅಕ್ಕ ಚಿಗವ್ವನ ಮಗಳ ಹೆಸರು ಅತ್ತೆಯ ಕಿವಿಗೆ ಹಾಕಿದಳು. ಒಳ್ಳೆಯ ಮನಸ್ಸಿನಿಂದಲೇ ಹೇಳಿದ್ದು, ಸುಳ್ಳಲ್ಲ. ಆ ಹುಡುಗಿ ಬಂದರೆ ಮಣೆ ಆಕೆಯ ಪಾಲಿಗೆ, ತನ್ನ ಮಣಿಕಟ್ಟಿಗೆ ಬಿಡುಗಡೆ ಅನ್ನುವ ಆಸೆಯೂ ಇತ್ತು ಅನ್ನಿ.

ಸುದ್ದಿ ತಿಳಿದ ದಿನ ಚಿಗವ್ವ ಕುಣಿಯುವುದೊಂದು ಬಾಕಿ. ಗುಂಜಿ ಬಂಗಾರ ಇಲ್ಲದ ಮನೆ. ಹೊರಸು ಹಿಡಿದ ಅಪ್ಪನ ಮಗಳನ್ನು ಹೊಲ ಮನೆ ಇದ್ದವರು ತಾವಾಗಿ ಕೇಳಿಕೊಂಡು ಬರುವುದೆಂದರೆ! ನೋಡಲು ಬರುವವರ ಮುಂದೆ ಇಡಲು ಹುಡುಗಿಯೇ ಶಾವಿಗೆ ಹೊಸೆದಳು. ಚಿಗವ್ವ ಮಣೆ ಮುಟ್ಟಲಿಲ್ಲ, ಎದುರಿಗೆ ಕೂತು ಎಳೆ ಹಿಡಿದಳು. "ಈ ಓಣ್ಯಾಗ ಖರೇ ಖರೇ ತನ್ನ ಕೈಲೆ ಹೊಸದ ಮದಿಮಗಳು ಅಂದ್ರ ನನ್ನ ಮಗಳೊಬ್ಬಾಕಿ" ಅಂತ ನನಗೆ ಹತ್ತು ಸಲ ಹೇಳಿರಬೇಕು. ಎಳೆ ತಾಯಿಯದಕ್ಕಿಂತ ಒಂದು ಕೈ ಸಣ್ಣಗೇ ಬಂದಿತ್ತು. ಕೊನೆಗೆ ಹುಡುಗಿ ಅವ್ವನ ಹಾಗೆಯೇ ಜಡೆ ಹೆಣೆದಿಟ್ಟಳು. ಹೆಣೆಯದೆ ಬಿಟ್ಟಿದ್ದರೆ... ಈಗ ಅಂದು ಏನು ಬಂತು?

ಅಕ್ಕನ ಅತ್ತೆ ಇನ್ನಿಬ್ಬರು ಹೆಂಗಸರನ್ನು ಕರೆದುಕೊಂಡು ಬಂದರು. ನಡುವೆ ಇದ್ದವಳು ಅಂತ ನಮ್ಮವ್ವನೂ ಕೂತಿದ್ದಳು, ಅವ್ವನ ಬೆನ್ನಿಗೆ ನಾನು. ಹುಡುಗಿ ತಟ್ಟೆ ತಂದು ಮುಂದಿಟ್ಟು ತಲೆ ತಗ್ಗಿಸಿ ಕೂತಳು. ಆ ಹಿರಿಯಾಕೆ ಒಂದು ಜಡೆ ಎತ್ತಿಕೊಂಡರು. ತಿರುಗಿಸಿ ನೋಡಿದರು. ಮುಖದ ಮೇಲಿನ ನಗು ಹಾಗೇ ಇಳಿಯಿತು.

"ಈ ಜಡಿ ನಾ ಬಲ್ಲೆ" ಅಂದರು. "ನಮ್ಮ ದೊಡ್ಡ ಸೊಸಿ ಕೈಯಾಗಿಂದು ಇದು. ಮನ್ಯಾಗ ದೇವರ ಮುಂದ ಇಟ್ಟೀನಿ, ದಿನಾ ನೋಡ್ತೀನಿ, ನನಗ ತಿಳಿಯಂಗಿಲ್ಲೇನ?" ಆಮೇಲೆ ನಮ್ಮವ್ವನ ಕಡೆ ತಿರುಗಿದರು. "ಬೀಗತಿ, ನಿಮ್ಮ ಡಬ್ಬಿಯಾಗ ಉಳದಿದ್ದನ್ನ ಈಕಿಗೆ ಕೊಟ್ಟೀಯೇನ? ಮಂದಿ ಕೈಕೆಲಸ ತಂದು ತನ್ನದ ಅಂತ ಇಡೋ ಹುಡುಗಿ ನಮಗ್ಯಾಕ?"

ಆಕೆ ಕೆಟ್ಟವರೇನಲ್ಲ. ಕಣ್ಣಾರೆ ಕಂಡದ್ದನ್ನು ನಂಬಿದರು. ಕಂಡದ್ದೇ ತಲೆಕೆಳಗಾಗಿತ್ತು.

ಚಿಗವ್ವ ನಮ್ಮವ್ವನ ಮುಖ ನೋಡಿದಳು. ಬೈಯುವ ನೋಟವಲ್ಲ, ಸುಮ್ಮನೆ ಕಾಯುವ ನೋಟ. ಅಕ್ಕ ಆಗ ಬಸುರಿ, ಅದೇ ಅತ್ತೆಯ ಕೈಕೆಳಗೆ ಬಾಣಂತನ ಕಾಣಬೇಕಾದವಳು. ನಿಜ ಹೊರಬಿದ್ದರೆ ಬುಟ್ಟಿಯೂ ಸುಳ್ಳು, ಮಣಿಕಟ್ಟಿನ ನೋವೂ ಸುಳ್ಳು. ಅವ್ವ ಸೆರಗಿನ ಮರೆಯಲ್ಲಿ ಎರಡೂ ಕೈ ಜೋಡಿಸಿದ್ದನ್ನು ಹಿಂದಿನಿಂದ ಇಣುಕಿದ ನಾನು ಕಂಡೆ. ಎದುರಿಗಿದ್ದ ಚಿಗವ್ವನೂ ಕಂಡಳು.

ಆಗ ಹುಡುಗಿ ತಲೆ ಎತ್ತಿದಳು. "ಮಣಿ ಹಾಕ್ರಿ, ನಿಮ್ಮ ಮುಂದನ ಹೊಸದು ತೋರಸ್ತೀನಿ" ಅಂತ ಏಳಲು ಹೋದಳು. ಚಿಗವ್ವ ಆಕೆಯ ರಟ್ಟೆ ಹಿಡಿದು ಕೂಡಿಸಿದಳು.

"ಹೌದ್ರೀ ಅಕ್ಕಾರ" ಅಂದಳು. "ನೀವಂದದ್ದು ಖರೇ. ಇದು ಅವರ ಮನಿ ಶಾವಿಗಿ."

"ಚಾಲಮ್ಮಾ, ಇಂಕ ಚಾಲು" ಅಂತ ತೆಲುಗಿನಲ್ಲಿ ಅಂದು, ಇಷ್ಟು ಸಾಕು ಅನ್ನುವಂತೆ ತಟ್ಟೆ ಸರಿಸಿ ಆ ಹಿರಿಯಾಕೆ ಎದ್ದರು. ಎಲೆ ಅಡಿಕೆ ಇಟ್ಟಲ್ಲೇ ಉಳಿಯಿತು. ಬಂಡಿಯ ಸದ್ದು ಓಣಿ ದಾಟಿತು.

ಆಮೇಲೆ ಹುಡುಗಿ ತನ್ನ ಅವ್ವನ ಕಡೆ ನೋಡಿ ಕೇಳಿದ್ದು ಒಂದೇ ಮಾತು. ದನಿ ಕೂಡ ಏರಿಸಲಿಲ್ಲ. "ನೀ ಹೊಸದದ್ದಕ್ಕ ಕೂಲಿ ತಗೊಂಡಿ, ಅದು ಅವರದಾತು. ನಾ ಹೊಸದದ್ದಕ್ಕ ಯಾರು ಕೂಲಿ ಕೊಟ್ಟಾರ ಬೇ?"

ನಮ್ಮವ್ವ ಎದ್ದು ಮನೆಗೆ ಬಂದು ದೇವರ ಕೋಣೆ ಸೇರಿ ಅತ್ತಳು. ಅತ್ತರೆ ಏನಾಯಿತು!

ಸಂಜೆ ಆ ಮನೆಗೆ ಹೋದೆ. ಹುಡುಗಿ ಒಲೆಯ ಮುಂದೆ ಬೆನ್ನು ಮಾಡಿ ಕೂತಿದ್ದಳು. ಚಿಗವ್ವ ಗೋಡೆಗೊರಗಿ ತಾನೇ ರೊಟ್ಟಿ ಮುರಿದು, ಸೀಳಿದ ಕೈಯಿಂದಲೇ ಚಟ್ನಿ ಹಚ್ಚಿಕೊಂಡು ಉಣ್ಣುತ್ತಿದ್ದಳು. ಉರಿಗೆ ಕಣ್ಣಲ್ಲಿ ನೀರಿಳಿಯುತ್ತಿತ್ತು. ಉರಿಗೆ ಅಂತಲೇ ನಾನು ತಿಳಿದುಕೊಂಡೆ, ಅಥವಾ ಹಾಗೆ ತಿಳಿಯಬೇಕು ಅನ್ನಿಸಿತೋ... ಮಗಳ ಕೈತುತ್ತು ಆ ಮನೆಯಲ್ಲಿ ಮತ್ತೆ ನಾನು ಕಾಣಲಿಲ್ಲ.

"ಇಬ್ಬರೂ ಹುಡುಗೇರು ಈಕಿ ಹತ್ರಾನ ಕಲ್ತಾರ್ರಿ, ಅದಕ್ಕ ಒಂದ ಥರಾ ಕಾಣ್ತಾವ." ನಮ್ಮವ್ವ ಇಷ್ಟು ಅಂದಿದ್ದರೆ ಸಾಕಿತ್ತು! ಇದೂ ಸುಳ್ಳೇ, ಆದರೆ ಯಾರ ಕುತ್ತಿಗೆಯನ್ನೂ ಕೊಯ್ಯದ ಸುಳ್ಳು. ನನಗೆ ಮದುವೆಯಾಗಿ ಮಕ್ಕಳಾದ ಮೇಲೆ ಒಮ್ಮೆ ಅವ್ವನನ್ನು ಕೇಳಿಯೇಬಿಟ್ಟೆ, ಆ ಮಾತು ಯಾಕೆ ಅನ್ನಲಿಲ್ಲ ಅಂತ. "ಆ ಹೊತ್ತಿಗೆ ಹೊಳೀಲಿಲ್ಲವ್ವಾ" ಅಂದಳು. ಹೊಳೆಯಲಿಲ್ಲವಂತೆ! ನನಗೆ ಎಷ್ಟು ಸಿಟ್ಟು ಬಂತೆಂದರೆ ಊಟ ಬಿಟ್ಟು ಎದ್ದೆ. ಈಗ ಆ ಸಿಟ್ಟೂ ಉಳಿದಿಲ್ಲ. ಅವ್ವನಿಗೆ ನಿಜವಾಗಿಯೂ ಹೊಳೆದಿರಲಿಕ್ಕಿಲ್ಲ, ಅದಕ್ಕೇ ಇನ್ನಷ್ಟು ಸಂಕಟವಾಗುತ್ತದೆ.

ಮುಂದಿನ ವರ್ಷ ಆ ಹುಡುಗಿಯನ್ನು ಪೆದ್ದಕಡುಬೂರಿನ ಕಡೆ ಹೆಂಡತಿ ಸತ್ತ ಒಬ್ಬನಿಗೆ ಕೊಟ್ಟರು. ನಮ್ಮವ್ವ ಒಂದು ಹೊಸ ಸೀರೆ ಕಳಿಸಿದ್ದಳು. ಹುಡುಗಿ ಹೊರಡುವ ದಿನ ಅದನ್ನು ನಮ್ಮ ಕಟ್ಟೆಯ ಮೇಲೆ ಇಟ್ಟು ಬಂಡಿ ಹತ್ತಿದಳು. ಶಾವಿಗೆ ಬುಟ್ಟಿ ಇಲ್ಲದೆ ಹೋದ ಮದುಮಗಳು ನಮ್ಮ ಓಣಿಯಲ್ಲಿ ಅವಳೊಬ್ಬಳೇ. ಚಿಗವ್ವ ಮಣೆಯನ್ನು ಅಟ್ಟಕ್ಕೆ ಹಾಕಿ ಜಿನ್ನಿಂಗ್ ಮಿಲ್ಲಿಗೆ ಹತ್ತಿ ಆರಿಸಲು ಹೋಗತೊಡಗಿದಳು. ಸಂಜೆ ಬರುವಾಗ ತಲೆ, ಹುಬ್ಬು ಎಲ್ಲ ಹತ್ತಿಯ ದೂಳಿಗೆ ಬೆಳ್ಳಗೆ. ಕೆಮ್ಮು ಹತ್ತಿತು. ಗಂಡನಿಗಿಂತ ಮೊದಲೇ ಹೋದಳು. ನಾನು ಆಗ ಗಂಡನ ಮನೆಯಲ್ಲಿದ್ದೆ, ಮಣ್ಣಿಗೂ ಬರಲಾಗಲಿಲ್ಲ. ಮಗಳು ಬಂದಿದ್ದಳಂತೆ. ಅವ್ವನ ಅಂಗೈ ಬಿಡಿಸಿ ನೋಡುತ್ತ ಕೂತಿದ್ದಳಂತೆ... ಆಮೇಲೆ ಆಕೆಯ ಸುದ್ದಿಯೇ ನನಗೆ ಸಿಗಲಿಲ್ಲ.

ಪುಣ್ಯತಿಥಿಯ ಪಂಕ್ತಿಯಲ್ಲಿ ಪಾಯಸ ಬಡಿಸುತ್ತ ಅಕ್ಕನ ಸೊಸೆ ಅಂದಳು: "ನಮ್ಮತ್ತಿ ಶಾವಿಗಿ ಕೈ ಅಂದ್ರ ಕೈರಿ! ನಾವ್ ನೋಡಿಲ್ಲ, ಮಣಿಕಟ್ಟು ಹೋಗಿತ್ತಲ್ಲ ಪಾಪ. ಜಡಿ ಹಾಕತಿದ್ರಂತ, ಊರೆಲ್ಲ ಈಗ್ಲೂ ಹೇಳ್ತಾರ."

ನನಗೆ ತಡೆಯಲಾಗಲಿಲ್ಲ. ಎಲೆ ಮುಂದೆಯೇ ಕೂತು ಎಲ್ಲ ಹೇಳಿಬಿಟ್ಟೆ. ಚಿಗವ್ವನನ್ನು, ಆಕೆಯ ಮಗಳನ್ನು, ಬುಟ್ಟಿಯನ್ನು, ಅರಿಶಿನ ಪಟ್ಟಿಯನ್ನು. ಸತ್ತ ಅಕ್ಕನ ಮಾನ ಆಕೆಯ ಊಟದ ದಿನವೇ ಕಳೆಯುತ್ತಿದ್ದೇನೆ, ಇನ್ನೇನು ಯಾರಾದರೂ ಸಿಡಿದೇಳುತ್ತಾರೆ ಅಂದುಕೊಂಡೆ.

ಸೊಸೆ ಕಿಸಕ್ಕನೆ ನಕ್ಕಳು. "ಅಷ್ಟೇನಾ? ಭಾಳ ಶಾಣ್ಯಾಕಿ ಇದ್ಲು ಬಿಡ್ರಿ ನಮ್ಮತ್ತಿ!" ಅಂದಳು. ಪಂಕ್ತಿಯವರೆಲ್ಲ ನಕ್ಕರು. "ಈಗ ಯಾರ್ ಹೊಸೀತಾರ ಚಿಗತ್ತಿ, ಪೊಟ್ಟಣ ಹರದ್ರ ಆತು. ಇನ್ನೊಂದ್ ಸೌಟು ಹಾಕ್ಲಿ?"

ಒಬ್ಬರಿಗಾದರೂ ಸಿಟ್ಟು ಬರಬೇಕಿತ್ತು. ನನ್ನನ್ನು ಬೈದು ಎಲೆಯಿಂದ ಎಬ್ಬಿಸಿದ್ದರೂ ಸಮಾಧಾನವಾಗುತ್ತಿತ್ತು. ಯಾವ ಮಾತನ್ನು ಮುಚ್ಚಿಡಲು ಚಿಗವ್ವ ಹೆತ್ತ ಮಗಳನ್ನೇ ಕಳೆದುಕೊಂಡಳೋ, ಆ ಮಾತು ಅವತ್ತು ಒಂದು ನಗೆಯಾಗಿ ಎಲೆಯಿಂದ ಎಲೆಗೆ ಹೋಗಿ ಮುಗಿಯಿತು. ಸೊಸೆ ಸೌಟು ಹಿಡಿದು ನಿಂತೇ ಇದ್ದಳು. ಸಾಕವ್ವಾ ಅಂದೆ.