ಹೊತ್ತು ಹೋಗದ ಬಟ್ಟಲು

ಬೆಳಕು ಇನ್ನೂ ಸರಿಯಾಗಿ ಹರಿದಿಲ್ಲ, ಆಗಲೇ ಕುಲುಮೆಮನೆಯ ನೆಲದ ತುಂಬ ಹಾಲು. ಒಲೆಯ ಪಕ್ಕ ಹೊಸ ಕಂಚಿನ ಬಟ್ಟಲಿಟ್ಟು ಹರಟೆಯಕ್ಕ ಮರದ ಕಡ್ಡಿಯಿಂದ ಒಮ್ಮೆ ತಟ್ಟಿದ್ದಾರೆ. ಉಕ್ಕುತ್ತಿದ್ದ ಹಾಲು ಇದ್ದಲ್ಲೇ ನಿಲ್ಲಬೇಕಿತ್ತು. ನಿಲ್ಲುವ ಮಾತು ಹಾಗಿರಲಿ, ಕಣ್ಣು ಮಿಟುಕಿಸುವುದರೊಳಗೆ ಪಾತ್ರೆಯೇ ಖಾಲಿ. ತಿದಿ ಒತ್ತುವ ಗಂಡ ಒರೆಸುವ ಬಟ್ಟೆ ಹಿಡಿದು ಬರುತ್ತಾರೆ.

"ಈ ವಾರ ಪೂರ್ತಿ ಹಾಲಿಲ್ಲದ ಚಹಾನೇ ಆಯ್ತು. ನೀರಿಟ್ಟು ನೋಡಬಾರದೇನೆ?"

"ನೀರು ಎಲ್ಲಾದ್ರೂ ಉಕ್ಕುತ್ತೇನ್ರಿ?" ಎಂದು ಹರಟೆಯಕ್ಕ ಹೊಟ್ಟೆ ಹಿಡಿದುಕೊಂಡು ನಗುತ್ತಾರೆ. ಆ ನಗುವೇ ಈಗ ಅವರಿಗೆ ದೊಡ್ಡ ತಲೆನೋವು.

ಈ ಕಸುಬಿನ ಮರ್ಮ ಇಷ್ಟೇ: ಬಡಿಯುವವರ ಹೊತ್ತು ಹೇಗೆ ಕಳೆಯುತ್ತದೋ ಕಂಚಿಗೆ ಅದೇ ಇಳಿಯುತ್ತದೆ. ಹೊತ್ತೇ ಹೋಗದೆ, ಬೇಸತ್ತು ಬಡಿದರೆ ನಿಧಾನದ ಬಟ್ಟಲು. ಅದರ ನಾದ ಇರುವಷ್ಟೂ ಸುತ್ತಲಿನದೆಲ್ಲ ತಡೆದು ನಿಲ್ಲುತ್ತದೆ, ತಟ್ಟಿದವರ ಕೈ ಮಾತ್ರ ಆಡುತ್ತದೆ. ಖುಷಿಯಲ್ಲಿ ಬಡಿದರೆ ಅವಸರದ ಬಟ್ಟಲು, ಅದರ ನಾದಕ್ಕೆ ಎಲ್ಲ ಬೇಗ ಮುಗಿಯುತ್ತದೆ. ಹಲ್ಲು ಕೀಳುವವರು, ಹಿಟ್ಟು ಉಬ್ಬುವುದನ್ನು ಕಾಯುವ ಬ್ರೆಡ್ಡಿನವರು ಅದನ್ನು ಹುಡುಕಿಕೊಂಡು ಬರುತ್ತಾರೆ. ಬೀದಿಯಲ್ಲಿ ಅವಸರದ ಬಟ್ಟಲೆಂದರೆ ಹರಟೆಯಕ್ಕನದೇ. ಸೊಸೆಯಾಗಿ ಬಂದ ದಿನದಿಂದ ಅವರ ಬಾಯಿಗೆ ಬೀಗ ಬಿದ್ದಿಲ್ಲ. ನಿಧಾನದ್ದೆಲ್ಲ ಅತ್ತೆಯ ಪಾಲು. ಮುಖ ಗಂಟು ಹಾಕಿಕೊಂಡು, ಗೋಡೆ ನೋಡುತ್ತ ಬಡಿದವರು ಅವರು.

ಅತ್ತೆಯ ಭುಜ ಈಗ ಸುತ್ತಿಗೆ ಎತ್ತುವುದಿಲ್ಲ. ಅದೇ ಹೊತ್ತಿಗೆ ಸೂಲಗಿತ್ತಿಯ ಹಳೆಯ ಬಟ್ಟಲು ಬಿರುಕು ಬಿಟ್ಟಿದೆ. "ಕೂಸಿನ ಕೊರಳಿಗೆ ಬಳ್ಳಿ ಸುತ್ಕೊಂಡ್ರೆ ಬಿಡಿಸೋಕೆ ಹೊತ್ತು ಬೇಕಲ್ವಾ? ಬರೀ ಕೈಯಲ್ಲಿ ಹೇಗೆ ಹೋಗಲಿ?" ಎಂದು ಕೇಳಿಹೋಗಿದ್ದಾರೆ. ಕೆಳಬೀದಿಯ ಬಸುರಿಗೆ ಇಂದೋ ನಾಳೆಯೋ.

"ಅವತ್ತಿಂದ ನಂಗೆ ನಿದ್ದೆ ಇಲ್ಲ" ಎನ್ನುತ್ತಾರೆ ಹರಟೆಯಕ್ಕ. "ಬೇಜಾರಾಗಲಿ ಅಂತ ಏನೇನು ಮಾಡಿಲ್ಲ ಹೇಳಿ. ಗೋಡೆ ನೋಡ್ಕೊಂಡು ಕೂತೆ. ಗೋಡೆ ಮೇಲಿನ ಕಲೆ ನಮ್ಮ ಮೈದುನನ ಮೂಗಿನ ಥರಾನೇ ಕಾಣ್ತು. ನಕ್ಕುಬಿಟ್ಟೆ, ಬಟ್ಟಲು ಕೆಡ್ತು."

ನೆಲ ಒರೆಸಿದ ಮೇಲೆ ಅವರು ಕೊನೆಯ ಉಪಾಯಕ್ಕೆ ಕೈ ಹಾಕುತ್ತಾರೆ. "ಅತ್ತೆ, ಆ ಛತ್ರಿ ಕತೆ ಹೇಳಿ."

ಶುರುವಾದರೆ ಸಾಕು, ಮನೆಮಂದಿಯೆಲ್ಲ ಒಬ್ಬೊಬ್ಬರಾಗಿ ಎದ್ದು ಹೋಗುವ ಕತೆ ಅದು. ಮದುವೆಯ ಹೊಸತರಲ್ಲಿ ಅತ್ತೆ ಛತ್ರಿ ಕಳೆದುಕೊಂಡು ಅಂಗಡಿ ಅಂಗಡಿ ಅಲೆದದ್ದು, ಕೊನೆಗೆ ಅದು ಮನೆಯ ಬಾಗಿಲ ಹಿಂದೆಯೇ ಸಿಕ್ಕಿದ್ದು. ಅತ್ತೆ ಅನುಮಾನದಿಂದ ನೋಡುತ್ತಾರೆ.

"ಅದನ್ನ ಕೇಳಿ ಕೇಳಿ ನಿಂಗೆ ಬೇಜಾರಾಗಿಲ್ವೇನೆ?"

"ಆಗಿದೆ ಅತ್ತೆ, ಅದಕ್ಕೇ."

ಕಾಸಿದ ಕಂಚು ಬಡಿಯುವ ಅಡೆಗಲ್ಲಿನ ಮೇಲೆ ಬರುತ್ತದೆ. ಅತ್ತೆ ಕತೆ ತೆಗೆಯುತ್ತಾರೆ, ಸೊಸೆ ಬಡಿಯುತ್ತಾರೆ. ಅಂಗಡಿಗಳೆಲ್ಲ ಮುಗಿದು ಅತ್ತೆ ಮನೆಗೆ ಬಂದಾಗ ಮಾತು ತಟ್ಟನೆ ನಿಲ್ಲುತ್ತದೆ. ಮುಖದಲ್ಲಿ ಗಾಬರಿ.

"ಆಮೇಲೆ... ಎಲ್ಲಿ ಸಿಕ್ತೇ ಅದು?"

ಹರಟೆಯಕ್ಕ ತಲೆ ಎತ್ತಿ ಅತ್ತೆಯ ಮುಖ ನೋಡುತ್ತಾರೆ. ಸುತ್ತಿಗೆ ಮಾತ್ರ ನಿಲ್ಲಿಸುವುದಿಲ್ಲ. "ಬಾಗಿಲ ಹಿಂದೆ, ಅತ್ತೆ. ಇನ್ನೊಂದ್ಸಲ ಮೊದಲಿಂದ ಹೇಳಿ."

ಅತ್ತೆ ಮೊದಲಿಂದ ಹೇಳುತ್ತಾರೆ. ಆಮೇಲೆ ಪಕ್ಕದ ಮನೆಯಿಂದ ಸಾಲ ತಂದ ಹಾಲು ಒಲೆಗೇರುತ್ತದೆ. ಬಟ್ಟಲು ತಟ್ಟಿದ್ದೇ ತಡ, ಪಾತ್ರೆಯ ಅಂಚಿಗೆ ಬಂದ ಹಾಲು ಅಲ್ಲೇ ನಿಲ್ಲುತ್ತದೆ. ಒಂದು ನೊರೆಯೂ ಒಡೆಯುವುದಿಲ್ಲ. ಹರಟೆಯಕ್ಕ ನಿಧಾನವಾಗಿ ಪಾತ್ರೆ ಇಳಿಸುತ್ತಾರೆ. ನಾದ ಅಡಗಿದ ಮೇಲೆ ಗಂಡ ಚಹಾಪುಡಿಯ ಡಬ್ಬಿ ಹುಡುಕುತ್ತಾರೆ.

"ಅಷ್ಟೊಂದು ಬೇಜಾರಾಯ್ತಾ ನನ್ನ ಕತೆ?" ಅತ್ತೆಗೆ ಕೊಂಚ ಮುನಿಸು.

"ಇಲ್ಲ ಅತ್ತೆ. ಹೊತ್ತು ಇಲ್ಲೇ ನಿಲ್ಲಲಿ, ಕತೆ ಮುಗೀಲೇಬಾರದು ಅನ್ನಿಸ್ತು."

ಆ ಬಟ್ಟಲು ಒಯ್ದಿದ್ದ ಸೂಲಗಿತ್ತಿ ಸಂಜೆ ಬಾಗಿಲಲ್ಲೇ ನಿಂತು ಸುದ್ದಿ ಹೇಳುತ್ತಾರೆ. ಬಳ್ಳಿ ಸುತ್ತಿಕೊಂಡಿತ್ತಂತೆ, ಬಿಡಿಸಿದ್ದಾಯಿತಂತೆ, ಹೆಣ್ಣು ಕೂಸಿನ ಅಳು ಬೀದಿಗೆಲ್ಲ ಕೇಳುತ್ತಿದೆಯಂತೆ. ಪಕ್ಕದೂರಿನ ಸೂಲಗಿತ್ತಿಗೂ ಇಂಥದೇ ಒಂದು ಬೇಕಂತೆ.

ಹರಟೆಯಕ್ಕನಿಗೆ ಏನಾದರೂ ಆಸೆ ಇದೆಯೇ ಎಂದು ಕೇಳಿದರೆ, ಬಾಗಿಲ ಬಳಿ ತೂಕಡಿಸುತ್ತಿರುವ ಅತ್ತೆಯ ಕಡೆ ನೋಡುತ್ತಾರೆ.

"ಅವರು ದಿನಾ ಛತ್ರಿ ಕಳ್ಕೊಳ್ತಾ ಇರಲಿ, ನಾನು ಹುಡುಕಿ ಕೊಡ್ತಾ ಇರ್ತೀನಿ. ಅಷ್ಟಾದ್ರೆ ಸಾಕು."