ಹರಿದ ಮೇಲೂ ಹಿಡಿದ ಮೊಣಕಾಲು

ಫಿಸಿಯೋಥೆರಪಿ ಓದಿ, ಶಕ್ತಿನಗರದ ಸಣ್ಣ ಕ್ಲಿನಿಕ್ಕಿನಲ್ಲಿ ಕೆಲಸಕ್ಕೆ ಸೇರಿದ ಮೇಲೆ ಹರಕೆಯಿಂದ ಕಾಲು ಸರಿಹೋಯಿತು ಎನ್ನುವವರನ್ನು ಬಹಳ ನೋಡಿದ್ದೆ. ನಂಬುತ್ತಿರಲಿಲ್ಲ. ವ್ಯಾಯಾಮ ಎಷ್ಟು ಸಲ ಮಾಡಿದಿರಿ ಎಂದಷ್ಟೇ ಕೇಳುತ್ತಿದ್ದೆ.

ದಿನೇಶಣ್ಣ ಸುರತ್ಕಲ್‌ನಲ್ಲಿ ಎ.ಸಿ. ರಿಪೇರಿ ಮಾಡುವವರು. ವಾಲಿಬಾಲ್ ಆಡುವಾಗ ಬಲಗಾಲು ತಿರುಚಿ, ಮೊಣಕಾಲಿನ ಮೂಳೆಗಳನ್ನು ಹಿಡಿದಿಡುವ ಒಂದು ಲಿಗಮೆಂಟ್ ಪೂರ್ತಿ ಹರಿದಿತ್ತು. ಮೊಣಕಾಲಿನ ನಡುವೆ ಎರಡು ಲಿಗಮೆಂಟ್‌ಗಳು ಒಂದನ್ನೊಂದು ಅಡ್ಡ ಹಾಯುತ್ತವೆ. ಅವರಿಗೆ ಹರಿದದ್ದು ಮುಂದಿನದು. ಅದು ಕೆಳಗಾಲಿನ ಮೂಳೆ ಮುಂದಕ್ಕೆ ಜಾರದಂತೆ ತಡೆಯುತ್ತದೆ. ಎರಡು ಬೆರಳು ಹೆಣೆದು ನಾನು ಇದನ್ನು ತೋರಿಸಿದಾಗ, ಅವರ ನಾಲ್ಕು ವರ್ಷದ ಮಗಳು ಪ್ರಾಪ್ತಿಯೂ ಬೆರಳು ಹೆಣೆದಳು.

"ಅಪ್ಪನಿಗೆ ಈಗ ಒಂದೇ ಬೆರಳಾ ಅಕ್ಕ?"

"ಹೌದು ಪುಟ್ಟಾ. ಆಪರೇಷನ್ ಆಗುವವರೆಗೆ ಅಪ್ಪ ನಿನ್ನನ್ನು ಎತ್ತುವ ಹಾಗಿಲ್ಲ."

"ಇನ್ನು ಇವಳೇ ನನ್ನನ್ನು ಎತ್ತಬೇಕು ಮಾರಾಯ್ರೆ," ಎಂದರು ದಿನೇಶಣ್ಣ.

ನಾನು ಯಾವಾಗಲೂ ಮೊದಲು ಸರಿಯಿರುವ ಕಾಲನ್ನೇ ಪರೀಕ್ಷಿಸುವುದು. ತೊಡೆಯನ್ನು ಒಂದು ಕೈಯಲ್ಲಿ ಹಿಡಿದು ಕೆಳಗಾಲನ್ನು ಮುಂದಕ್ಕೆ ಎಳೆದೆ. ಎಡಗಾಲು ಟಕ್ಕೆಂದು ನಿಂತಿತು. ಬಲಗಾಲು ತಡೆಯಿಲ್ಲದ ಡ್ರಾಯರಿನಂತೆ ಜಾರಿತು. ಹಾಗೆಂದೇ ಫೈಲಿನಲ್ಲಿ ಬರೆದೆ.

ನಡಿಗೆ ತಿದ್ದಲು ಅದೇ ಸಂಜೆ ಅವರನ್ನು ಕಾವೂರು ಕೆರೆಯ ಹತ್ತಿರ ಕರೆದಿದ್ದೆ. ಕರೆದದ್ದು ನಾನು. ಅದನ್ನು ಇಂದಿಗೂ ಮರೆಯಲಾಗುತ್ತಿಲ್ಲ. ವಾಹನ ನಿಲ್ಲಿಸುವ ಜಾಗದಲ್ಲಿ, ಜೊತೆಗೆ ಬಂದಿದ್ದ ಪ್ರಾಪ್ತಿಯ ಚಪ್ಪಲಿ ಕಳಚಿತು. ಅದನ್ನು ಹಾಕಿಕೊಳ್ಳಲು ಅವಳು ಒಂದು ಕಾರಿನ ಹಿಂದೆ ಕುಳಿತಳು. ಕಾರು ಹಿಂದಕ್ಕೆ ಹೊರಟಿತು.

ದಿನೇಶಣ್ಣ ಬಲಗಾಲು ಊರಿ, ಅದರ ಮೇಲೆಯೇ ಇಡೀ ಮೈ ತಿರುಗಿಸಿ, ಮಗಳನ್ನು ಬಾಚಿ ಎತ್ತಿಕೊಂಡರು. ಲಿಗಮೆಂಟ್ ಹರಿದ ಕಾಲು ಕುಸಿಯುವುದು ಸರಿಯಾಗಿ ಆ ತಿರುವಿನಲ್ಲೇ. ಕುಸಿಯಲಿಲ್ಲ. ಚಕ್ರ ಚಪ್ಪಲಿಯ ಮೇಲೆ ಹಾದುಹೋಯಿತು.

ಅವರನ್ನು ಕಲ್ಲುಬೆಂಚಿನ ಮೇಲೆ ಕೂರಿಸಿ, ಅಲ್ಲೇ ಪರೀಕ್ಷಿಸಿದೆ. ಬಲಗಾಲು ಟಕ್ಕೆಂದು ನಿಂತಿತು. ಇನ್ನೆರಡು ಸಲ ಎಳೆದೆ. ಮತ್ತೆ ಟಕ್. ಹೆದರಿಕೆಯಿಂದ ಸ್ನಾಯು ಬಿಗಿದಿದ್ದರೆ ಅಂಗೈಗೆ ತಿಳಿಯುತ್ತಿತ್ತು. ತೊಡೆ ಹತ್ತಿಯಂತೆ ಸಡಿಲವಾಗಿತ್ತು.

"ಎಂತ ಮೇಡಂ, ಲಿಗಮೆಂಟ್ ಉಂಟಾ?"

"ಗೊತ್ತಾಗ್ತಾ ಇಲ್ಲ ಅಣ್ಣ."

ಮರುದಿನ ಬೆಳಿಗ್ಗೆ ಕ್ಲಿನಿಕ್ಕಿನಲ್ಲಿ ಅದೇ ಕಾಲು ಮತ್ತೆ ಡ್ರಾಯರಿನಂತೆ ಜಾರಿತು. ಆಮೇಲೆ ಆಪರೇಷನ್ ಮಾಡಿದ ಡಾಕ್ಟರಿಗೆ ಒಳಗೆ ಸಿಕ್ಕಿದ್ದು ಹರಿದ ಲಿಗಮೆಂಟಿನ ಒಂದು ತುಂಡು ಮಾತ್ರ. ಸ್ನಾಯುವೇ ಹಿಡಿದಿರಬೇಕು, ಗಾಬರಿಯಲ್ಲಿ ನಿಮಗೆ ಗೊತ್ತಾಗಿಲ್ಲ ಎಂದರು. ಇರಬಹುದು. ಆದರೆ ಆ ತಡೆ ನನ್ನ ಕೈಯಲ್ಲಿ ಇನ್ನೂ ಇದೆ.

ದಿನೇಶಣ್ಣ ಈಗ ಏಣಿ ಹತ್ತುತ್ತಾರೆ. ಪ್ರಾಪ್ತಿ ಶಾಲೆಗೆ ಹೋಗುತ್ತಾಳೆ. ಕಾರು ಹಿಂದಕ್ಕೆ ಬರುವ ಸದ್ದಿಗೆ ನಾನು ಈಗಲೂ ಬೆಚ್ಚುತ್ತೇನೆ. ಅವರ ಫೈಲಿನಲ್ಲಿ ಕ್ಲಿನಿಕ್ಕಿನ ಎರಡು ಪರೀಕ್ಷೆಗಳ ನಡುವೆ, ಆ ಸಂಜೆಗೆಂದು ಒಂದು ಸಾಲು ಖಾಲಿ ಬಿಟ್ಟಿದ್ದೇನೆ. ಏನು ಬರೆಯಬೇಕೆಂದು ಇನ್ನೂ ತಿಳಿದಿಲ್ಲ. ಈ ಕಾಲಿನಿಂದ ಆಗುತ್ತದಾ ಎಂದು ಯಾರಾದರೂ ಕೇಳಿದರೆ ಮಾತ್ರ, ಆಗುವುದಿಲ್ಲ ಎಂಬ ಮಾತು ಮೊದಲಿನ ಹಾಗೆ ಬಾಯಿಗೆ ಬರುವುದಿಲ್ಲ. "ನೋಡುವ," ಎನ್ನುತ್ತೇನೆ.