ಕೈಯಿಲ್ಲದ ರುಚವ್ವ

ಹೋದ ಭಾನುವಾರ ನಮ್ಮ ಮನೆಗೆ ಒಬ್ಬ ದೇವಿ ಬಂದಿದ್ದಳು. ಹೈದರಾಬಾದಿನ ತಾರ್ನಾಕದಲ್ಲಿರುವ ನಮ್ಮ ಮನೆಯ ಊಟದ ಟೇಬಲ್ ಮೇಲೆ, ಲ್ಯಾಪ್‌ಟಾಪಿನೊಳಗೆ. ಹತ್ತು ಕೈ. ಒಂದರಲ್ಲಿ ಸೌಟು, ಒಂದರಲ್ಲಿ ಲಟ್ಟಣಿಗೆ, ಒಂದರಲ್ಲಿ ಜೇನಿನ ಗಡಿಗೆ. ಸೊಂಟ ಮಾತ್ರ ಹಿಡಿಯಷ್ಟು. (ಊಟದ ದೇವಿಗೇ ಯಾರೂ ಊಟ ಹಾಕಿಲ್ಲವೇನೋ ಅನ್ನಿಸಿತು!)

ಕರೆತಂದವಳು ನನ್ನ ಮಗಳು ಮೇಘಾ. ಕೊಂಡಾಪುರದ ಒಂದು ಕಂಪನಿಯಲ್ಲಿ ವಿಡಿಯೋ ಗೇಮ್‌ಗಳಿಗೆ ಚಿತ್ರ ಬರೆಯುತ್ತಾಳೆ. ಹೊಸ ಗೇಮ್‌ನಲ್ಲಿ ಒಂದು ಮಾಯಾರಾಜ್ಯವಿದೆಯಂತೆ. ಅಲ್ಲಿಯ ಜನರ ನಾಲಿಗೆಯಿಂದ ರುಚಿಯೇ ಹೊರಟುಹೋಗಿದೆ. ಊಟದ ದೇವಿಯನ್ನು ಹುಡುಕಿ ಒಲಿಸಿಕೊಂಡರೆ ಮಾತ್ರ ಅದು ವಾಪಸ್ಸು.

“ಅಮ್ಮ, ನೀ ವಾರಾ ವಾರಾ ಪೇಪರ್‌ಗೆ ಬರೀತಿ. ಈಕಿಗೊಂದು ಮಸ್ತ್ ಹೆಸರು ಕೊಡು. ನಾಳೆ ಮೀಟಿಂಗ್ ಐತಿ.”

ನನಗೆ ನಗು ಬಂತು. “ಹೊಸಾ ಹೆಸರು ಯಾಕ? ನಮ್ಮನ್ಯಾಗ ರುಚವ್ವ ಇದ್ದಳಲ್ಲ!” ಅಂದೆ.

ಯಾವ ಪುರಾಣದಲ್ಲೂ ಹುಡುಕಬೇಡಿ, ಸಿಗುವುದಿಲ್ಲ. ರುಚವ್ವನನ್ನು ಹುಟ್ಟಿಸಿದ್ದು ನಮ್ಮವ್ವ. ಅಪ್ಪ ಬಾಗಲಕೋಟೆ ಕಡೆಯಿಂದ ಹೈದರಾಬಾದಿಗೆ ಬಂದು ಸರ್ಕಾರಿ ಕಾರ್ಖಾನೆ ಸೇರಿದವರು. ಕ್ವಾರ್ಟರ್ಸಿನ ಎರಡು ಕೋಣೆಯ ಮನೆ, ಅದರಲ್ಲಿ ಅಪ್ಪನ ನಾಲಿಗೆ. ಅಬ್ಬಬ್ಬಾ, ಅದೆಂಥ ನಾಲಿಗೆ! ಮೊದಲ ತುತ್ತಿಗೇ ಉಪ್ಪು ಕಡಿಮೆ, ಎರಡನೆಯದಕ್ಕೆ ಒಗ್ಗರಣೆ ಸೀದಿದೆ. ಒಂದು ದಿನ ಅವ್ವನಿಗೆ ರೇಗಿತು. ಸೌಟು ಕುಕ್ಕಿ ಕಾನೂನು ಮಾಡಿಬಿಟ್ಟಳು.

“ಇನ್ಮ್ಯಾಲೆ ಈ ಮನ್ಯಾಗ ಅಡಿಗಿ ಬಗ್ಗೆ ತಕರಾರು ಮಾಡೋ ಹಕ್ಕು ರುಚವ್ವಗ ಒಬ್ಬಾಕಿಗೇ. ನೀವ್ಯಾರೂ ಬಾಯಿ ತೆಗೀಬ್ಯಾಡ್ರಿ.”

“ಯಾರಾಕಿ ರುಚವ್ವ?” ಅಪ್ಪ ಕೇಳಿದರು.

“ಸ್ಟೋವಿನ ಹಿಂದ ಇರ್ತಾಳ. ಆಕಿಗೆ ಕೈ ಇಲ್ಲ, ಬರೇ ನಾಲಿಗಿ. ಅದಕ್ಕ ಕೆಲಸಾ ಮಾಡಂಗಿಲ್ಲ, ಮಾತಷ್ಟ ಆಡ್ತಾಳ.”

ಈ ದೇವಿ ಯಾರ ಹಾಗಿದ್ದಾಳೆ ಎಂದು ನಮಗೆಲ್ಲ ತಿಳಿಯಿತು. ಅಪ್ಪನಿಗೂ ತಿಳಿಯಿತು. ಆದರೆ ಅಪ್ಪ ಜಾಣ. ಮರುದಿನ ಊಟಕ್ಕೆ ಕೂತವರೇ, “ರುಚವ್ವ ಅಂತಾಳ, ಬ್ಯಾಳಿ ಬೆಂದಿಲ್ಲಂತ” ಎಂದರು. ಅವ್ವ ಅಡುಗೆಮನೆಯಿಂದಲೇ, “ನಾಳೆ ಆಕೀನ ಬಂದು ಬೇಯಿಸಲಿ ಅನ್ರಿ!” ಎಂದಳು. “ಆಕಿಗೆ ಕೈ ಎಲ್ಲಿ ಅದಾವ?” ಎಂದರು ಅಪ್ಪ. ಅವ್ವ ಸೆರಗು ಬಾಯಿಗೆ ಒತ್ತಿಕೊಂಡು ನಕ್ಕಳು. ಮುಂದೆ ಜೀವನವಿಡೀ ಅವರಿಬ್ಬರೂ ಜಗಳವಾಡಿದ್ದು ಹೀಗೇ, ಆ ದೇವಿಯನ್ನು ನಡುವೆ ಕೂರಿಸಿಕೊಂಡು. ಆ ಮಾತುಗಳಿಲ್ಲದ ಊಟ ನನಗೆ ಇವತ್ತಿಗೂ ಊಟ ಅನ್ನಿಸುವುದಿಲ್ಲ.

ಅವ್ವ ಹೋದ ವರ್ಷ ತೀರಿಕೊಂಡಳು. ಅಪ್ಪನನ್ನು ನಮ್ಮ ಮನೆಗೆ ಕರೆತಂದೆವು. ಅಂದಿನಿಂದ ನನಗೊಂದು ಸಂಕಟ ಶುರುವಾಯಿತು. ಏನು ಬಡಿಸಿದರೂ ಅಪ್ಪನದು ಒಂದೇ ಮಾತು. “ಭಾಳ ಛಲೋ ಆಗೇತವ್ವ.” ಸಾರಿಗೆ ಉಪ್ಪೇ ಹಾಕದ ದಿನವೂ ಛಲೋ ಆಗೇತಿ! ಟಿ.ವಿ. ಹಚ್ಚಲೇನು ಎಂದು ಕೇಳಿ ಹಚ್ಚುತ್ತಿದ್ದರು. ತಮ್ಮ ತಾಟು ತಾವೇ ತೊಳೆದಿಡುತ್ತಿದ್ದರು. ನೆಂಟರು ಹೀಗಿದ್ದರೆ ಎಷ್ಟು ಚೆಂದ. ಅಪ್ಪ ಹೀಗಿದ್ದರೆ?

(ಫೋನಿನಲ್ಲಿ ಬಿರಿಯಾನಿ ತರಿಸಿದರೆ ಸ್ಟಾರ್ ಕೊಡಿ, ಸ್ಟಾರ್ ಕೊಡಿ ಎಂದು ಬೆನ್ನು ಹತ್ತುತ್ತಾರೆ. ನನಗೆ ಮನೆಯಲ್ಲಿ ದಿನಾ ಫೈವ್ ಸ್ಟಾರ್. ಗಂಟಲಲ್ಲಿ ಇಳಿಯುತ್ತಿರಲಿಲ್ಲ.)

ಆ ಭಾನುವಾರ ಮಾರ್ಕೆಟ್ಟಿನಿಂದ ಗೋಂಗೂರ ತಂದು ಪುಂಡಿಪಲ್ಯ ಮಾಡಿದ್ದೆ. ಇಲ್ಲಿಯವರ ಗೋಂಗೂರವೇ ನಮ್ಮ ಪುಂಡಿ, ಹುಳಿ ಸೊಪ್ಪು. ಅಪ್ಪ ತಲೆ ತಗ್ಗಿಸಿ ರೊಟ್ಟಿ ಮುರಿಯುತ್ತಿದ್ದರು. ನಾನು ರುಚವ್ವನ ಹೆಸರೆತ್ತಿದ್ದೇ ತಡ, ಅವರ ಕೈ ನಿಂತಿತು. ಕನ್ನಡಕ ಏರಿಸಿ, ಮೊಮ್ಮಗಳ ಲ್ಯಾಪ್‌ಟಾಪ್ ಕಡೆ ಬಾಗಿದರು.

“ಇಷ್ಟ್ಯಾಕ ಕೈ ಹಚ್ಚೀಯಬೇ? ಆಕಿಗೆ ಕೈ ಇಲ್ಲ.”

“ಕೈ ಇಲ್ದ ಅಡಿಗಿ ಹೆಂಗ ಮಾಡ್ತಾಳ ಅಜ್ಜ?”

“ಅಡಿಗಿ ಮಾಡಾಕಿ ನಿಮ್ಮಜ್ಜಿ. ಈಕಿ ಬರೇ ತಪ್ಪು ಹುಡುಕಾಕಿ.” ಮುರಿದ ರೊಟ್ಟಿಯನ್ನು ತಾಟಿಗೆ ಇಳಿಸಿದರು. “ನಿಮ್ಮಜ್ಜಿ ಹೋದ ಮ್ಯಾಲೆ ಈಕಿಗೂ ಮಾತು ನಿಂತಾವ. ಮಗಳ ಮನ್ಯಾಗ ಏನಂತ ಮಾತಾಡ್ತಾಳ, ಪಾಪ.”

ಪಲ್ಯದ ಬಟ್ಟಲು ಅವರತ್ತ ಸರಿಸುತ್ತ ನಾನು ಅಂದೆ. “ಅಪ್ಪಾ, ಸ್ಟೋವು ನಮ್ಮನ್ಯಾಗೂ ಐತಿ.”

ಅಪ್ಪ ರೊಟ್ಟಿಗೆ ಪಲ್ಯ ಹಚ್ಚಿ ಬಾಯಿಗಿಟ್ಟರು. ನಿಧಾನಕ್ಕೆ ಅಗಿದರು. ಮುಖ ಸಣ್ಣಗೆ ಕಿವುಚಿ ನನ್ನ ಕಡೆ ತಿರುಗಿದರು.

“ಸುನಂದಾ, ರುಚವ್ವ ಅಂತಾಳ, ಪುಂಡಿ ಕುದಿಸಿ ನೀರು ಬಸಿಯೋದು ಮರ್ತಾಳ ಅಂತ. ಹಲ್ಲು ಚುಳ್ ಅನ್ನಾಕತ್ತಾವಂತ. ರೊಟ್ಟಿ ಅಂತೂ ಚಕ್ಕಳ ಆಗ್ಯಾವಂತ.”

“ನಾಳೆ ಆಕೀನ ಬಂದು ರೊಟ್ಟಿ ಬಡೀಲಿ ಅನ್ರಿ!” ಎಂದೆ ನಾನು.

“ಆಕಿಗೆ ಕೈ ಎಲ್ಲಿ ಅದಾವ?” ಎಂದು ಅಪ್ಪ ನಕ್ಕರು. ನಗುತ್ತಲೇ ಕಣ್ಣೊರೆಸಿಕೊಂಡರು. ಆಮೇಲೆ ಅದೇ ಚಕ್ಕಳದಂಥ ಇನ್ನೊಂದು ರೊಟ್ಟಿ ಕೇಳಿದರು.

ಮೇಘಾ ಅಲ್ಲೇ ಕೂತು ಹತ್ತೂ ಕೈ ಅಳಿಸಿದಳು. ಮೀಟಿಂಗಿನಲ್ಲಿ ಅದು ಪಾಸಾಗಲಿಲ್ಲ ಬಿಡಿ. “ಚೇತುಲು ಲೇಕಪೋತೆ ಎಲಾ?” (ಕೈಗಳೇ ಇಲ್ಲದಿದ್ದರೆ ಹೇಗೆ?) ಎಂದು ಅವಳ ತೆಲುಗು ಬಾಸು ಕೈಗಳನ್ನೆಲ್ಲ ಮತ್ತೆ ಹಚ್ಚಿಸಿದ್ದಾರೆ. ಮಾಯಾರಾಜ್ಯದ ಗತಿ ಏನಾಗುತ್ತದೋ ನನಗೆ ಗೊತ್ತಿಲ್ಲ. ನಮ್ಮ ರಾಜ್ಯದಲ್ಲಂತೂ ನಿನ್ನೆ ಚಹಾಕ್ಕೆ ಸಕ್ಕರೆ ಕಡಿಮೆಯಂತೆ, ಇವತ್ತು ಉಪ್ಪಿಟ್ಟು ಮುದ್ದೆಯಂತೆ. ಬೈಸಿಕೊಂಡು ಹಾಯಾಗಿದ್ದೇನೆ.

ಅಂದ ಹಾಗೆ, ನಿಮ್ಮ ಮನೆಯಲ್ಲಿ ಏನು ಬಡಿಸಿದರೂ ‘ಚೆನ್ನಾಗಿದೆ’ ಎನ್ನುವವರು ಯಾರು?